ಎಸೆದದ್ದು ಬೊಂಬೆಯನ್ನೇ

ವ್ಯಾಂಸೆನ್,
ಗುರುವಾರ, 8 ಜೂನ್ 1911

ಅತ್ತಿಗೆ ಒಕ್ತಾವಿಯವರಿಗೆ,

ಬೆಳಗಿನ ಐದು ಗಂಟೆ ಹತ್ತು ನಿಮಿಷ. ಎಬ್ಬಿಸಿದ್ದು ಪಕ್ಕದ ಕೋಣೆಯಲ್ಲಿ ದೊಪ್ಪೆಂದು ಏನೋ ಬಿದ್ದ ಸದ್ದು. ಆಮೇಲೆ ಇನ್ನೊಂದು. ನಿಮ್ಮ ತಮ್ಮ ಅನತೋಲ್ ಕೆಲಸಕ್ಕೆ ಹೊರಡುವ ಮೊದಲು ಹಾಸಿಗೆಯನ್ನು ನೆಲಕ್ಕೆಳೆದುಕೊಂಡು ಬೀಳುವುದನ್ನು ಅಭ್ಯಾಸ ಮಾಡುತ್ತಾನೆ. ಬೆನ್ನ ಮೇಲೆ ಹತ್ತು ಸಲ, ಮಗ್ಗುಲಿಗೆ ಹತ್ತು ಸಲ. ಎಬ್ಬಿಸಿದ್ದು ಎಂದು ಬರೆದೆ, ಅದೂ ಪೂರ್ತಿ ನಿಜವಲ್ಲ. ನಾಲ್ಕಕ್ಕೆ ಮಗುವಿಗೆ ಹಾಲು ಕೊಟ್ಟು ಕಣ್ಣು ಮುಚ್ಚಿಕೊಂಡಿದ್ದೆ, ಅಷ್ಟೇ. ಡಿಸೆಂಬರಿನಲ್ಲಿ ಮಗು ಹುಟ್ಟಿದಂದಿನಿಂದ ನನ್ನ ನಿದ್ದೆ ಎಂದರೆ ಅಷ್ಟೇ.

ಎರಡು ವರ್ಷದಿಂದ ನಾವು ಒಬ್ಬರಿಗೊಬ್ಬರು ಒಂದು ಸಾಲೂ ಬರೆದಿಲ್ಲ. ಇಗರ್ಜಿಗೆ ಹೋಗದೆ ಬರೀ ಮೇಯರ್ ಕಚೇರಿಯಲ್ಲಿ ಸಹಿ ಹಾಕಿದ್ದನ್ನು ಮದುವೆ ಎನ್ನಲಾರೆ ಎಂದು ನೀವು ಬರಲಿಲ್ಲ. ಅದಕ್ಕೆ ನಾನು ನಾಲ್ಕು ಪುಟದ ಉತ್ತರ ಬರೆದೆ. ಶಿಕ್ಷಕಿಯರ ತರಬೇತಿ ಕಾಲೇಜಿನಿಂದ ಆಗತಾನೇ ಹೊರಬಂದಿದ್ದೆ. ಎಲ್ಲದಕ್ಕೂ ನನ್ನಲ್ಲಿ ಉತ್ತರವಿತ್ತು. ಈಗ ನನ್ನಲ್ಲಿರುವುದು ಒಂದು ಪ್ರಶ್ನೆ. ಅದಕ್ಕೆ ಉತ್ತರ ಹೇಳಬಲ್ಲವರು ನೀವೊಬ್ಬರೇ, ಅದಕ್ಕೇ ಬರೆಯುತ್ತಿದ್ದೇನೆ.

ಅನತೋಲ್ ಈ ವರ್ಷ ಸಿನಿಮಾದಲ್ಲಿ ಆರು ಸಲ ಮದುಮಗನಾಗಿದ್ದಾನೆ. ಒಂದರಲ್ಲಿ ಅವನ ಪ್ಯಾಂಟು ಹರಿಯುತ್ತದೆ, ಒಂದರಲ್ಲಿ ಮಾವನ ಗಡಿಯಾರವನ್ನು ನುಂಗುತ್ತಾನೆ, ಎಲ್ಲದರಲ್ಲೂ ಕೊನೆಗೆ ಓಡುತ್ತಾನೆ. ಏಪ್ರಿಲ್‌ನಲ್ಲಿ ತೆಗೆದದ್ದು 'ಮದುವೆಗೆ ಬಂದ ಉಡುಗೊರೆ'. ಮೇಯರ್ ಮುಂದೆ ಅವನು 'ಹೂಂ' ಎನ್ನುವ ಗಳಿಗೆಗೆ ಒಬ್ಬ ದಾದಿ ಬಂದು ಅವನ ಕೈಯಲ್ಲಿ ಕೂಸನ್ನಿಟ್ಟು ಹೊರಟುಹೋಗುತ್ತಾಳೆ. ಅವನು ಅದನ್ನು ಗೆಳೆಯನಿಗೆ ದಾಟಿಸುತ್ತಾನೆ, ಗೆಳೆಯ ಮೇಯರ್‌ಗೆ, ಮೇಯರ್ ಮತ್ತೆ ಇವನಿಗೆ. ಇಡೀ ದಿಬ್ಬಣ ಕೂಸಿನ ಸಮೇತ ಬೀದಿಗಿಳಿದು ಓಡಿ ದೊಮೆನಿಲ್ ಕೆರೆಗೆ ಬರುತ್ತದೆ. ಅಲ್ಲಿ ಅನತೋಲ್ ಕಟ್ಟೆಯ ಮೇಲಿನಿಂದ ಕೂಸನ್ನು ನೀರಿನಾಚೆ ದೋಣಿಯಲ್ಲಿ ನಿಂತ ಅತ್ತೆಗೆ ಎಸೆಯುತ್ತಾನೆ. ಅತ್ತೆಯ ಲಂಗ ತೊಟ್ಟವನು ಗಸ್ಪಾರ್. ಮೊದಲು ಸರ್ಕಸ್ಸಿನಲ್ಲಿ ಜೋಕಾಲಿಯಿಂದ ಹಾರಿದವರನ್ನು ಹಿಡಿಯುತ್ತಿದ್ದವನು.

ಕೂಸು ನಮ್ಮ ಮಗಳು ಸೊಲಾಂಜ್. ಎಸೆಯುವಾಗ ಮಾತ್ರ ಬೊಂಬೆ. ಅದು ಹೇಗೆಂದು ಅನತೋಲ್ ನನಗೆ ಹತ್ತು ಸಲ ವಿವರಿಸಿದ್ದ. ನಿರ್ದೇಶಕ ಲವೆರ್ನ್ ಸೀಟಿ ಊದಿದ ಕೂಡಲೇ ಕಾಲೆತ್ತಿದವರು ಕಾಲೆತ್ತಿದಂತೆ, ಬಾಯಿ ತೆರೆದವರು ತೆರೆದಂತೆ ನಿಂತುಬಿಡಬೇಕು. ಕ್ಯಾಮೆರಾದ ಹಿಡಿಕೆ ತಿರುಗಿಸುವವನೂ ಕೈ ನಿಲ್ಲಿಸುತ್ತಾನೆ. ದಾದಿ ಬಂದು ಮಗುವನ್ನೆತ್ತಿಕೊಂಡು, ಅದೇ ಬಟ್ಟೆ ತೊಟ್ಟ ಬೊಂಬೆಯನ್ನು ಇವನ ಕೈಯಲ್ಲಿಟ್ಟು ಹೋಗುತ್ತಾಳೆ. ಎರಡನೇ ಸೀಟಿಗೆ ಎಲ್ಲರೂ ಮತ್ತೆ ಚಲಿಸುತ್ತಾರೆ. ನಡುವೆ ನಡೆದದ್ದು ಪರದೆಯ ಮೇಲೆ ಇರುವುದೇ ಇಲ್ಲ.

ಆ ದಿನ ನನಗೆ ಜ್ವರ. ನಾನು ಹೋಗಲಿಲ್ಲ. ಕುಲಾವಿ ಎರಡನ್ನೂ ನಾನೇ ಹೊಲಿದುಕೊಟ್ಟೆ, ಒಂದೇ ಅಳತೆ, ಒಂದೇ ಬಟ್ಟೆ. ಗಡಿಬಿಡಿಯಲ್ಲಿ ಅದಲುಬದಲಾಗಬಾರದೆಂದು ಸೊಲಾಂಜ್‌ಳದಕ್ಕೆ ನೀಲಿ ರಿಬ್ಬನ್ನು, ಬೊಂಬೆಯದಕ್ಕೆ ಹಳದಿ. ಫಿಲ್ಮಿನಲ್ಲಿ ನೀಲಿ ಬಿಳಿಯಾಗಿ, ಹಳದಿ ಕಪ್ಪಾಗಿ ಬರುತ್ತದೆಂದು ನನಗೇನು ಗೊತ್ತಿತ್ತು? ಲವೆರ್ನ್ ಆಮೇಲೆ ರೇಗಾಡಿದನಂತೆ.

ಕಳೆದ ಭಾನುವಾರ ಹಬ್ಬದ ಡೇರೆಯಲ್ಲಿ ಆ ಚಿತ್ರ ನೋಡಿದೆ. ಸೊಲಾಂಜ್ ತೊಡೆಯ ಮೇಲಿದ್ದಳು. ಪಕ್ಕದಲ್ಲಿ ಕೂತ ಹೆಂಗಸು ನಕ್ಕು ನಕ್ಕು ನನ್ನ ಭುಜಕ್ಕೆ ಒರಗುತ್ತಿದ್ದಳು. "ಅಯ್ಯೋ ಆ ಅತ್ತೇನ ನೋಡ್ರೀ! ಥೇಟ್ ನಮ್ಮತ್ತೆ. ಮೀಸೆ ಒಂದು ಕಮ್ಮಿ!" ಅನತೋಲ್ ಕೈ ಬೀಸಿದ. ಕೂಸು ನೀರಿನ ಮೇಲೆ ಹಾರಿತು. ಡೇರೆ ಹೋ ಎಂದಿತು. ಆ ಹೆಂಗಸು ನನ್ನ ಮುಖ ನೋಡಿ, "ಹೆದರ್ಕೋಬೇಡಿ ತಾಯಿ, ಬೊಂಬೆ ಅದು," ಎಂದಳು.

ರಿಬ್ಬನ್ನು ಬಿಳಿಯಿತ್ತು.

ನನಗೆ ಕೂಗು ಬರಲಿಲ್ಲ, ಎದೆ ಹೊಡೆದುಕೊಳ್ಳಲೂ ಇಲ್ಲ. ಅದೇ ನನಗೆ ಹೆದರಿಕೆ. ಮನೆಗೆ ಬಂದು ಅನತೋಲ್‌ಗೆ ಹೇಳಿದಾಗ ಅವನು ಬೂಟಿನ ದಾರ ಬಿಚ್ಚುತ್ತಲೇ, "ನಿದ್ದೆಗೆಟ್ಟೋಳಿಗೆ ಬೊಂಬೆನೂ ಉಸಿರಾಡ್ತದೆ ಕಣೇ. ಬಿಸಿಲಿಗೆ ಹೊಳೆದಿರ್ಬೇಕು," ಎಂದ. ಇರಬಹುದು. ಒಂದೇ ಕ್ಷಣ ನೋಡಿದ್ದು.

ನೀವು ಫಿಲ್ಮಿಗೆ ಬಣ್ಣ ಹಾಕುವ ಕಾರ್ಖಾನೆಯಲ್ಲಿ ಭೂತಗನ್ನಡಿಯಡಿ ಚಿತ್ರದ ಒಂದೊಂದು ಚೌಕವನ್ನೂ ನೋಡಿ ಬಣ್ಣ ಬಳಿಯುವ ಅಚ್ಚು ಕೊರೆಯುವವರು. ಈ ಚಿತ್ರ ನಿಮ್ಮಲ್ಲಿಗೆ ಬಂದಿರಲೇಬೇಕು. ನಾನು ಒಂದು ಕ್ಷಣ ನೋಡಿದ್ದನ್ನು ನೀವು ಬೇಕಾದಷ್ಟು ಹೊತ್ತು ನೋಡಬಲ್ಲಿರಿ. ಎಸೆದದ್ದು ಯಾವುದು? ಒಂದು ಪದ ಬರೆದರೆ ಸಾಕು.

ಸಿದೋನಿ


ಬೆಲ್‌ವಿಲ್,
ಬುಧವಾರ, 14 ಜೂನ್

ಸಿದೋನಿ,

ಕಾಗದ ತಲುಪಿತು. ಯಾವ ಚಿತ್ರ ಯಾರ ಮೇಜಿಗೆ ಬಂತೆಂದು ಹೊರಗೆ ಆಡಬಾರದು ಎಂದು ನಮ್ಮಲ್ಲಿ ಗೋಡೆಗೆ ಬರೆದು ಹಾಕಿದ್ದಾರೆ. ಆಡಿದವರು ಕೆಲಸ ಕಳೆದುಕೊಂಡಿದ್ದಾರೆ. ಒಂದು ಚೌಕ ಹೆಬ್ಬೆರಳಿನ ಉಗುರಿನಷ್ಟು. ಅದರಲ್ಲಿ ಕುಲಾವಿ ಸಾಸಿವೆ ಕಾಳು. ಸಾಸಿವೆಯ ರಿಬ್ಬನ್ನು ಎಷ್ಟಿರುತ್ತದೆ ನೀನೇ ಲೆಕ್ಕ ಹಾಕು, ಓದಿದವಳು.

ಬೊಂಬೆಯೇ ಇರಬೇಕು.

ಅಮ್ಮ ಹೋದಾಗ ಅನತೋಲ್‌ಗೆ ಆರು, ನನಗೆ ಹದಿನೆಂಟು. ಅವನನ್ನು ಬೆಳೆಸಿದ್ದು ನಾನು. ಅವನು ಚೇಷ್ಟೆಯವನು, ಕೆಟ್ಟವನಲ್ಲ. ಎದೆಹಾಲು ಕೊಡುವವಳು ಹೀಗೆಲ್ಲ ಯೋಚಿಸಿದರೆ ಹಾಲು ಕೆಡುತ್ತದೆ. ಲಿಂಡನ್ ಹೂವಿನ ಕಷಾಯ ಕುಡಿ. ಮಗುವಿಗೆ ದೀಕ್ಷಾಸ್ನಾನ ಆಯಿತೋ ಇಲ್ಲವೋ ನೀನು ಬರೆದಿಲ್ಲ. ನಾನೂ ಕೇಳುವುದಿಲ್ಲ.

ಇಂಥದ್ದನ್ನು ಬರೆಯುವುದಾದರೆ ಲಕೋಟೆಯಲ್ಲೇ ಬರೆ. ಕಾರ್ಡಿನಲ್ಲಿ ಬೇಡ.

ಒಕ್ತಾವಿ


ವ್ಯಾಂಸೆನ್,
ಸೋಮವಾರ, 3 ಜುಲೈ

ಅತ್ತಿಗೆಯವರಿಗೆ,

ನಿಮಗೆ ತೊಂದರೆ ಕೊಟ್ಟೆ, ಕ್ಷಮಿಸಿ. ನನ್ನ ಪ್ರಶ್ನೆಯನ್ನು ಹಿಂದಕ್ಕೆ ತೆಗೆದುಕೊಳ್ಳುತ್ತಿದ್ದೇನೆ.

ಮೊನ್ನೆ ಶನಿವಾರ ಅನತೋಲ್ ನನ್ನನ್ನು ಪ್ಯಾರಿಸ್ಸಿಗೆ, ಕೆಂಪು ಕುರ್ಚಿಗಳಿರುವ ದೊಡ್ಡ ಚಿತ್ರಮಂದಿರಕ್ಕೆ ಕರೆದುಕೊಂಡು ಹೋದ. ಅಲ್ಲಿ ಬಣ್ಣದ ಪ್ರತಿ. ಮೇಯರ್‌ನ ಎದೆಪಟ್ಟಿಯಲ್ಲಿ ಕೆಂಪು, ನೀಲಿ. ಮದುಮಗಳ ಕೆನ್ನೆ ಗುಲಾಬಿ. ಕೆರೆ ಬಂತು, ಅನತೋಲ್ ಕೈ ಬೀಸಿದ, ಕುಲಾವಿಯ ರಿಬ್ಬನ್ನು ಹಳದಿ. ಮೊಟ್ಟೆಯ ಭಂಡಾರದಂಥ ಹಳದಿ. ಕೊನೆಯ ಸಾಲಿನವರಿಗೂ ಕಾಣುತ್ತಿತ್ತು.

"ನೋಡಿದ್ಯಾ?" ಎಂದ ಅನತೋಲ್. "ಈಗ ಸಮಾಧಾನ ಆಯ್ತಾ ಟೀಚರಮ್ಮ?"

ಆಯ್ತು ಎಂದೆ. ಹೊರಗೆ ಬಂದು ನಿಂಬೆ ಐಸ್ ತಿಂದೆವು. ಅವನನ್ನು ಗುರುತು ಹಿಡಿದ ಇಬ್ಬರು ಸಿಪಾಯಿಗಳು, "ಏನಪ್ಪಾ, ಇವತ್ತು ಯಾರ್ ಜೊತೆ ಮದುವೆ?" ಎಂದು ಕೇಳಿದರು. ಅವನು ನನ್ನನ್ನು ತೋರಿಸಿ, "ಇವಳ ಕೈಯಿಂದ ತಪ್ಪಿಸ್ಕೊಂಡು ಓಡೋದೇ ಆಗ್ತಿಲ್ಲ ಸ್ವಾಮಿ!" ಎಂದು ಅಲ್ಲೇ ಕಲ್ಲುಹಾಸಿನ ಮೇಲೆ ಒಂದು ಸಲ ಬಿದ್ದು ಎದ್ದ. ಎಲ್ಲರೂ ನಕ್ಕರು. ನಾನೂ ನಕ್ಕೆನಂತೆ, ಅವನು ಹೇಳಿದ.

ಅದಕ್ಕೂ ಮೊದಲು ಒಂದು ನಡೆದಿತ್ತು, ನಿಮಗೆ ತಿಳಿದಿರಲಿ. ಜೂನ್ ಕೊನೆಯಲ್ಲಿ ಇನ್ನೊಂದು ಚಿತ್ರಕ್ಕೆ ಸೊಲಾಂಜ್‌ಳನ್ನು ಕೇಳಿದರು, ಬರೀ ತೊಟ್ಟಿಲಲ್ಲಿ ಮಲಗುವುದಕ್ಕೆ. ನಾನು ಕೊಡಲಿಲ್ಲ. ಬಾಗಿಲಿಗೆ ಅಗುಳಿ ಹಾಕಿ ಮಧ್ಯಾಹ್ನದವರೆಗೆ ಕೂತೆ. ಅನತೋಲ್ ಡಾಕ್ಟರನ್ನು ಕರೆತಂದ. ಅವರು ಬಾಗಿಲ ಆಚೆಯಿಂದಲೇ ಬಹಳ ಮೃದುವಾಗಿ ಮಾತಾಡಿದರು. ಒಳಗೆ ಬಂದ ಮೇಲೆ ನನ್ನ ಕಪಾಟಿನ ಪುಸ್ತಕಗಳನ್ನು ನೋಡಿ, "ಓದಿದ ಹೆಂಗಸರಲ್ಲಿ ಇದು ಜಾಸ್ತಿ," ಎಂದರು, ನನಗಲ್ಲ, ಅನತೋಲ್‌ಗೆ. ತೋಟವಿರುವ ಒಂದು ಮನೆಯಿದೆಯಂತೆ, ವಿಶ್ರಾಂತಿಗೆ. ಗಂಡನ ಸಹಿ ಒಂದಿದ್ದರೆ ಸಾಕಂತೆ. ಮತ್ತೊಮ್ಮೆ ಮಗುವನ್ನು ಅಪ್ಪನಿಗೆ ಕೊಡದೆ ಬಾಗಿಲು ಹಾಕಿಕೊಂಡರೆ ತಡ ಮಾಡಬೇಡಿ ಎಂದರು. ಕಾಗದ ನಮ್ಮ ಮೇಜಿನ ಖಾನೆಯಲ್ಲಿದೆ. "ಅದು ಸುಮ್ನೆ ಇರ್ಲಿ," ಎಂದ ಅನತೋಲ್. ಅವನಿಗೆ ಸಹಿ ಹಾಕುವ ಮನಸ್ಸಿಲ್ಲ, ನನಗೆ ಗೊತ್ತು.

ಹಳದಿ ಎಂದರೆ ಹಳದಿ. ನಾನು ನೋಡಿದ್ದು ತಪ್ಪು. ಈಗ ಮಗು ಚೆನ್ನಾಗಿದೆ, ಕೂರಲು ನೋಡುತ್ತದೆ. ನಿನ್ನೆ ಹಾಲಿನ ಪಾತ್ರೆ ನನ್ನ ಮಣಿಕಟ್ಟಿನ ಮೇಲೆ ಮಗುಚಿಕೊಂಡಿತು. ಸಂಜೆ ಬೊಬ್ಬೆ ನೋಡಿದ ಮೇಲೆ ಗೊತ್ತಾಯಿತು, ಬಿಸಿಯಿತ್ತು ಎಂದು.

ಸಿದೋನಿ


ವ್ಯಾಂಸೆನ್,
ಶುಕ್ರವಾರ, 11 ಆಗಸ್ಟ್

ಅತ್ತಿಗೆಯವರಿಗೆ,

ಜುಲೈ ಕಾಗದಕ್ಕೆ ನಿಮ್ಮಿಂದ ಉತ್ತರವಿಲ್ಲ. ಉತ್ತರ ಬೇಕೆಂದು ನಾನು ಕೇಳಿರಲೂ ಇಲ್ಲ. ಆದರೂ ದಿನಕ್ಕೆ ಆರು ಸಲ ಅಂಚೆಯವನ ಹೆಜ್ಜೆ ಕೇಳಿಸಿದಾಗ ಕೆಳಗಿಳಿದಿದ್ದೇನೆ.

ಸೆಖೆ. ಬೆಳಿಗ್ಗೆ ತಂದ ಹಾಲು ಹತ್ತಕ್ಕೆಲ್ಲ ಒಡೆಯುತ್ತದೆ. ಎದುರು ಮನೆಯಲ್ಲಿ ಒಂದು ಮಗು ಹೋಯಿತು, ನಮ್ಮ ಬೀದಿಯಲ್ಲಿ ಇದು ಮೂರನೆಯದು. ಮಗುವಿನ ಮೈ ತಣ್ಣಗಿರಲೆಂದು ದಿನಾ ಕೆರೆಯ ಕಡೆ ಗಾಡಿಯಲ್ಲಿ ತಳ್ಳಿಕೊಂಡು ಹೋಗುತ್ತೇನೆ. ದೋಣಿಕಟ್ಟೆಯ ಬಳಿ ಕೂರುತ್ತೇನೆ. ಬೇಕೆಂದು ಅಲ್ಲಿ ಕೂತದ್ದಲ್ಲ, ನೆರಳಿರುವುದು ಅಲ್ಲೇ.

ಅಲ್ಲಿನ ಕಾವಲುಗಾರ ಮುದುಕ. ಮಾತಿಗೆ ಜನ ಬೇಕು ಅವನಿಗೆ. "ಹದಿನೇಳು ವರ್ಷದಿಂದ ಈ ಕೆರೆ ಕಾಯ್ತಿದೀನಿ ಮದಾಂ," ಎಂದ. "ಶನಿವಾರ ನಿಜವಾದ ಮದುವೆಯೋರು ಬರ್ತಾರೆ, ಮಿಕ್ಕ ದಿನ ಸಿನಿಮಾ ಮದುವೆಯೋರು. ನಿಜದೋರು ಹುಲ್ಲು ತುಳೀತಾರೆ. ಇವ್ರು ಹೂವೂ ತುಳೀತಾರೆ. ಮದುಮಗ ಅಂತೂ, ಅವ್ನಿಗೆ ಒಂದಿನಾದ್ರೂ ನೆಟ್ಟಗೆ ನಡೆಯಕ್ಕೆ ಬರುತ್ತಾ ನೋಡ್ಬೇಕು!"

ನಾನು ಮದುಮಗನ ಹೆಂಡತಿ ಎಂದು ಹೇಳಲಿಲ್ಲ.

"ಏಪ್ರಿಲ್‌ನಲ್ಲಿ ನೋಡ್ಬೇಕಿತ್ತು ತಮಾಷೆ," ಎಂದ. "ಇದೇ ಕಟ್ಟೆ ಮೇಲೆ ಇಡೀ ದಿಬ್ಬಣ ಮೇಣದ ಬೊಂಬೆಗಳ ಹಾಗೆ ನಿಂತ್ಬಿಟ್ಟಿತ್ತು. ಒಬ್ಬನೂ ಕಣ್ಣು ಮಿಟುಕಿಸಲ್ಲ. ಅಷ್ಟರಲ್ಲಿ ಯಾರದ್ದೋ ನಾಯಿ ನಮ್ಮ ಬಾತುಕೋಳಿ ಹಿಂದೆ ಬಿತ್ತು. ಊದಿದೆ ಸೀಟಿ. ಊದಿದ್ದು ನಾಯಿಗೆ! ಇಡೀ ದಿಬ್ಬಣಕ್ಕೆ ದಡಕ್ಕಂತ ಜೀವ ಬಂತು. ಓಡೋರು ಓಡಿದ್ರು, ಬೀಳೋರು ಬಿದ್ರು. ಆ ಹಿಡಿಕೆ ತಿರುಗಿಸೋನೂ ಗರಗರ ಶುರು ಮಾಡ್ದ. ಆಮೇಲೆ ಅವರ ಯಜಮಾನ ನನ್ನ ಮೇಲೆ ಹಾರಾಡ್ತಾ ಬಂದ. ನಾನಂದೆ, ಸ್ವಾಮಿ, ನಿಮ್ ಮದುವೆ ನನ್ ಸೀಟಿ ಮೇಲೆ ನಿಂತಿದ್ರೆ ಮೊದ್ಲೇ ಹೇಳ್ಬೇಕಿತ್ತು!"

"ಮಗು ಯಾರ ಕೈಯಲ್ಲಿತ್ತು?" ಎಂದು ಕೇಳಿದೆ.

"ಮಗುನಾ? ನಾನು ನಾಯಿ ಹಿಂದೆ ಓಡ್ತಿದ್ದೆ ಮದಾಂ."

ಅವನ ಸೀಟಿಯನ್ನು ತೋರಿಸಲು ಕೇಳಿದೆ. ಹಿತ್ತಾಳೆಯದು. ಲವೆರ್ನ್ ಕೊರಳಲ್ಲಿ ನೇತುಹಾಕಿಕೊಳ್ಳುವುದೂ ಅಂಥದ್ದೇ.

ಇದರಿಂದ ಏನೂ ಸಾಬೀತಾಗುವುದಿಲ್ಲ. ಸೀಟಿ ಊದುವ ಮೊದಲೇ ದಾದಿ ಬೊಂಬೆಯನ್ನಿಟ್ಟು ಹೋಗಿದ್ದಿರಬಹುದು. ಹಾಗೆಂದುಕೊಂಡು ಮನೆಗೆ ಬಂದೆ. ಬಂದವಳು ಮಕ್ಕಳಿಗೆ ಕಲಿಸಲೆಂದು ಇಟ್ಟುಕೊಂಡಿದ್ದ ಬಣ್ಣದ ಪೆಟ್ಟಿಗೆ ತೆಗೆದೆ. ಒಂದು ಹಾಳೆಯ ಮೇಲೆ ಮಸಿಯಲ್ಲಿ ಕಪ್ಪು ಪಟ್ಟಿ ಎಳೆದು ಅದರ ಮೇಲೆ ಹಳದಿ ಬಳಿದೆ. ಹಳದಿ ಕಾಣಲೇ ಇಲ್ಲ, ಕಪ್ಪು ಕಪ್ಪಾಗಿಯೇ ಉಳಿಯಿತು. ಪಕ್ಕದ ಬಿಳಿ ಜಾಗಕ್ಕೆ ಬಳಿದೆ. ಮೊಟ್ಟೆಯ ಭಂಡಾರದ ಹಾಗೆ ಹೊಳೆಯಿತು.

ಬೊಂಬೆಯ ಹಳದಿ ರಿಬ್ಬನ್ನು ಫಿಲ್ಮಿನಲ್ಲಿ ಕಪ್ಪಾಗಿದ್ದರೆ ಅದರ ಮೇಲೆ ಯಾರು ಎಷ್ಟು ಹಳದಿ ಬಳಿದರೂ ಕೊನೆಯ ಸಾಲಿಗೆ ಕಾಣುತ್ತಿರಲಿಲ್ಲ.

ಇನ್ನೊಂದು. ಬೊಂಬೆಗೆ ಹಳದಿ ರಿಬ್ಬನ್ನು ಕಟ್ಟಿದ್ದೆನೆಂದು ನಾನು ನಿಮಗೆ ಬರೆದದ್ದು ಜೂನ್ ಎಂಟಕ್ಕೆ. ಬಣ್ಣದ ಪ್ರತಿ ಅದಕ್ಕೂ ಮೊದಲೇ ತಯಾರಾಗಿತ್ತಂತೆ, ಅನತೋಲ್ ಬಾಯಿತಪ್ಪಿ ಹೇಳಿದ. ಹಾಗಾದರೆ ಹಳದಿ ಎಂದು ನಿಮಗೆ ಹೇಳಿದ್ದು ಯಾರು?

ಸಿದೋನಿ


ಬೆಲ್‌ವಿಲ್,
ಭಾನುವಾರ, 3 ಸೆಪ್ಟೆಂಬರ್

ಸಿದೋನಿ,

ನಿನ್ನ ಕಾಗದ ಮೂರು ವಾರದಿಂದ ನನ್ನ ಪ್ರಾರ್ಥನೆ ಪುಸ್ತಕದೊಳಗಿದೆ. ಇವತ್ತು ಇಗರ್ಜಿಯ ಪೂಜೆಗೆ ಹೋಗಿ ಪರಮಪ್ರಸಾದ ತೆಗೆದುಕೊಳ್ಳದೆ ಹಿಂದಿರುಗಿದೆ. ಆಮೇಲೆ ಕೂತು ಬರೆಯುತ್ತಿದ್ದೇನೆ. ನನಗೆ ಬರೆದು ಅಭ್ಯಾಸವಿಲ್ಲ, ಇದ್ದದ್ದು ಇದ್ದ ಹಾಗೆ ಬರೆಯುತ್ತೇನೆ.

ಹೇಳಿದವನು ಅನತೋಲ್. ಮೇ ತಿಂಗಳಲ್ಲಿ ಕಾರ್ಖಾನೆಯ ಗೇಟಿನ ಹತ್ತಿರ ಬಂದು ನಿಂತಿದ್ದ. ಎರಡು ವರ್ಷದ ಮೇಲೆ ಅಕ್ಕನ ಮುಖ ನೋಡಲು ಬಂದನಲ್ಲ ಎಂದು ನನಗೆ ಅಳು ಬಂತು. ಅಕ್ಕ, ಆ ಕೆರೆಯ ದೃಶ್ಯದಲ್ಲಿ ರಿಬ್ಬನ್ನಿಗೆ ಹಳದಿ ಹಾಕಿಬಿಡು, ಒಳ್ಳೆ ಗಾಢವಾಗಿ, ಎಂದ. ಯಾಕೋ ಎಂದೆ. ಸಿದೋನಿ ಮೊದಲೇ ನಿದ್ದೆ ಮಾಡುವುದಿಲ್ಲ ಎಂದ. ಅಷ್ಟೇ. ನಾನು ಮತ್ತೆ ಕೇಳಲಿಲ್ಲ.

ಕೇಳಬೇಕಾಗಿಯೂ ಇರಲಿಲ್ಲ. ಅಚ್ಚು ಕೊರೆಯಲು ಕೂತಾಗ ಕಂಡಿತು. ಕಟ್ಟೆಯಿಂದ ದೋಣಿಗೆ ಹದಿನೇಳು ಚೌಕ. ಐದನೆಯದರಲ್ಲಿ ಮುಷ್ಟಿ ಬಿಗಿದಿದೆ. ಒಂಬತ್ತನೆಯದರಲ್ಲಿ ಬೆರಳು ಬಿಚ್ಚಿದೆ. ಹನ್ನೊಂದನೆಯದರಲ್ಲಿ ಐದೂ ಬೆರಳು ಎಣಿಸಬಹುದು. ಬೊಂಬೆಗೆ ಬೆರಳಿಲ್ಲ, ನಿನಗೆ ಗೊತ್ತಿದೆ, ಬರೀ ಬಟ್ಟೆಯ ಉಂಡೆ. ನಾನು ಹದಿನೇಳರಲ್ಲೂ ರಿಬ್ಬನ್ನು ಕೊರೆದು ಹಳದಿಗೆ ಕೊಟ್ಟೆ. ಒಂದು ಗೆರೆಯೂ ತಪ್ಪಲಿಲ್ಲ. ಇಪ್ಪತ್ತು ವರ್ಷ ಬಣ್ಣದ ಕೆಲಸದಲ್ಲಿ ಪಳಗಿದ ಕೈ.

ಆಮೇಲೆ ಜೂನ್‌ನಲ್ಲಿ ನಿನಗೆ ಬೊಂಬೆಯೇ ಇರಬೇಕು ಎಂದು ಬರೆದೆ. ನಡೆದದ್ದು ನಡೆಯಿತು, ಮಗು ನೆಟ್ಟಗಿದೆ, ಇನ್ನು ಯಾಕೆ ಎಂದುಕೊಂಡೆ. ಅದೂ ಅಲ್ಲದೆ ನಿನ್ನ ಮೇಲೆ ಕೋಪವೂ ಇತ್ತು. ಅದನ್ನೂ ಬರೆಯುತ್ತಿದ್ದೇನೆ.

ಇನ್ನು ಮುಖ್ಯವಾದದ್ದು. ಕೆರೆಯ ದೃಶ್ಯದ ಮೂಲ ಫಿಲ್ಮು ಪ್ರತಿ ತೆಗೆದು ತೆಗೆದು ಗೀರು ಬಿದ್ದಿದೆ. ಹೊರದೇಶದಿಂದ ಇನ್ನೂ ಬೇಡಿಕೆ ಇದೆ. ಅದಕ್ಕೆ ಮತ್ತೆ ತೆಗೆಯುತ್ತಾರೆ, ಮಂಗಳವಾರ ಬೆಳಿಗ್ಗೆ, ಅದೇ ಕಟ್ಟೆಯಲ್ಲಿ. ಗುರುವಾರ ಲವೆರ್ನ್ ನಮ್ಮಲ್ಲಿಗೆ ಬಂದ. ಹಳೆಯದು ಹೇಗಿತ್ತೋ ಹಾಗೇ ಇರಬೇಕು ಎಂದು ನೋಡಲು. ಅನತೋಲ್ ಕೂಡ ಜೊತೆಗಿದ್ದ. ಲವೆರ್ನ್ ನನ್ನ ಕುರ್ಚಿಯಲ್ಲಿ ಕೂತು ನನ್ನ ಭೂತಗನ್ನಡಿಯಲ್ಲಿ ನೋಡಿದ. "ಈ ಬೊಂಬೆ ಯಾರಯ್ಯಾ ಮಾಡಿದ್ದು? ಬೆರಳು ಬಿಚ್ತದಲ್ಲ!" ಎಂದ. ಅವನು ಇನ್ನೊಂದು ಸಲ ನೋಡಿ, ತಲೆಯೆತ್ತಿ, ಅನತೋಲ್‌ನ ಮುಖ ನೋಡಿದ. ಆಮೇಲೆ ನಗಲು ಶುರು ಮಾಡಿದ. "ಅದಕ್ಕೇ ಜನ ಅಷ್ಟು ನಗ್ತಾರೆ! ಹಾಗಾದ್ರೆ ಈ ಸಲ ಬೊಂಬೆ ಯಾಕೆ? ದಂಡ."

ಅನತೋಲ್ ಟೋಪಿ ಕೈಯಲ್ಲಿ ಹಿಡಿದು ನಿಂತಿದ್ದ. ನನ್ನ ಕಡೆ ನೋಡಿದ. ಚಿಕ್ಕವನಿದ್ದಾಗ ತಟ್ಟೆ ಒಡೆದರೆ ಹಾಗೇ ನೋಡುತ್ತಿದ್ದ, ನಾನು ಏನಾದರೂ ಹೇಳಲಿ ಎಂದು.

ಅವನು ಬೇಡ ಎನ್ನಲಿಲ್ಲ. ನಾನೂ ಎನ್ನಲಿಲ್ಲ. ಮೇಲ್ವಿಚಾರಕಿ ಹಿಂದೆಯೇ ನಿಂತಿದ್ದಳು.

ಒಕ್ತಾವಿ


ವ್ಯಾಂಸೆನ್,
ಸೋಮವಾರ, 4 ಸೆಪ್ಟೆಂಬರ್, ಮಧ್ಯಾಹ್ನ ಮೂರು ಗಂಟೆ

ಅತ್ತಿಗೆ,

ನಿಮ್ಮ ಕಾಗದ ಬೆಳಗಿನ ಎರಡನೇ ಟಪಾಲಿಗೆ ಬಂತು. ಮೆಟ್ಟಿಲ ಮೇಲೇ ಓದಿದೆ. ನಿಮ್ಮ ಮೇಲೆ ನನಗೆ ಕೋಪವಿಲ್ಲ. ಕೋಪ ಬರಲಿ ಎಂದು ಸ್ವಲ್ಪ ಹೊತ್ತು ಕಾದೆ ಕೂಡ.

ಅನತೋಲ್ ಇವತ್ತು ಮನೆಯಲ್ಲೇ ಇದ್ದ. ಊಟಕ್ಕೆ ಬಡಿಸಿ, ಸೂಪಿನ ತಟ್ಟೆಯ ಪಕ್ಕದಲ್ಲಿ ನಿಮ್ಮ ಕಾಗದವಿಟ್ಟು ಗಟ್ಟಿಯಾಗಿ ಓದಿದೆ, ತರಗತಿಯಲ್ಲಿ ಪಾಠ ಓದುವ ಹಾಗೆ. ಹದಿನೇಳು ಚೌಕದವರೆಗೂ ಅವನು ಸೂಪು ಕುಡಿಯುತ್ತಿದ್ದ. ಐದೂ ಬೆರಳು ಎಣಿಸಬಹುದು ಎಂಬಲ್ಲಿ ಚಮಚ ಕೆಳಗಿಟ್ಟ.

"ಹಿಡಿದ್ನಲ್ಲ," ಎಂದ.

ನಾನು ಓದುವುದನ್ನು ನಿಲ್ಲಿಸಿದೆ.

"ಗಸ್ಪಾರ್ ಹಿಡಿದ್ನಲ್ಲ ಸಿದೋನಿ. ಹಿಡೀಲಿಲ್ವಾ? ಸೀಟಿ ಕೇಳ್ತು, ಎಸೆದೆ. ಕೈ ಬಿಟ್ಟ ಮೇಲೆ ಗೊತ್ತಾಯ್ತು ನನಗೆ, ತೂಕ ಬೇರೆ ಅಂತ. ಕೈ ಬಿಟ್ಟ ಮೇಲೆ. ಅವನು ಹಿಡ್ಕೊಂಡ. ಅವಳು ನಕ್ಕಳು ಕಣೇ! ಗಸ್ಪಾರ್‌ನ ಕೇಳು ಬೇಕಾದ್ರೆ."

"ಆಗ ಐದು ಕಿಲೊ," ಎಂದೆ. "ಈಗ ಎಂಟು."

"ಅವನು ಎಪ್ಪತ್ತು ಕಿಲೊ ಹೆಂಗಸ್ರನ್ನ ಗಾಳೀಲಿ ಹಿಡಿದೋನು."

"ದೋಣಿ ಮೇಲೆ ನಿಂತ್ಕೊಂಡಾ?"

ಅವನು ಬ್ರೆಡ್ಡಿನ ಚೂರುಗಳನ್ನು ಬೆರಳಿನಿಂದ ಒತ್ತಿ ಒತ್ತಿ ಎತ್ತುತ್ತಿದ್ದ. ಆಮೇಲೆ ತಗ್ಗಿದ ದನಿಯಲ್ಲಿ, "ನಾನು ಒಲ್ಲೆ ಅಂದ್ರೆ ಏನಾಗುತ್ತೆ ಹೇಳು? ನಾಳೆ ಮದುಮಗ ಬೇರೆಯೋನು. ಮಗುನೂ ಬೇರೆಯೋರದ್ದು. ಯಾರದ್ದೋ ಮಗು ಆದ್ರೆ ಪರವಾಗಿಲ್ವಾ ನಿನಗೆ?" ಎಂದ.

ಈ ಮಾತಿಗೆ ನನ್ನಲ್ಲಿ ಉತ್ತರವಿರಲಿಲ್ಲ. ಈಗಲೂ ಇಲ್ಲ. ಮೂರು ತಿಂಗಳಿಂದ ಬೇಕಾಗಿದ್ದ ಸತ್ಯ ಮೇಜಿನ ಮೇಲೆ ಸೂಪಿನ ಪಕ್ಕ ಬಿದ್ದಿತ್ತು, ಅದರಿಂದ ಯಾವ ಉಪಯೋಗವೂ ಆಗಲಿಲ್ಲ. ನಾನು ಹುಚ್ಚಿಯಲ್ಲ ಎಂದು ತಿಳಿದರೆ ಎಲ್ಲ ಸರಿಹೋಗುತ್ತದೆ ಎಂದುಕೊಂಡಿದ್ದೆ.

ನಾಳೆ ಮಗುವನ್ನು ಕೊಡುವುದಿಲ್ಲ ಎಂದೆ. ಅವನು ಎದ್ದು ಖಾನೆಯಿಂದ ಡಾಕ್ಟರರ ಕಾಗದ ತೆಗೆದು ಬ್ರೆಡ್ಡಿನ ಪಕ್ಕದಲ್ಲಿಟ್ಟ. ನಾನು ಬ್ರೆಡ್ಡು ಕತ್ತರಿಸಿ ಅವನಿಗೂ ಒಂದು ತುಂಡು ಕೊಟ್ಟೆ. ನಾನು ಬಾಗಿಲು ಹಾಕಿಕೊಂಡರೆ ಅದು ಡಾಕ್ಟರರ ಮಾತಿಗೆ ಸಾಕ್ಷಿ. ಮಗುವನ್ನೆತ್ತಿಕೊಂಡು ಎಲ್ಲಿಗಾದರೂ ಹೋದರೆ ಇನ್ನೂ ದೊಡ್ಡ ಸಾಕ್ಷಿ. ಪೊಲೀಸರು ಅಪ್ಪನಿಗೇ ತಂದು ಒಪ್ಪಿಸುತ್ತಾರೆ, ನಾನು ಆ ತೋಟದ ಮನೆಯಲ್ಲಿರುತ್ತೇನೆ, ಆಮೇಲೆ ಕಟ್ಟೆಯ ಮೇಲೆ ಬೇಡ ಎನ್ನಲು ಯಾರೂ ಇರುವುದಿಲ್ಲ. ಇದನ್ನೆಲ್ಲ ಬಹಳ ಸಮಾಧಾನದಿಂದ ಯೋಚಿಸಿದೆ. ಅತ್ತರೆ ಚೆನ್ನಾಗಿತ್ತೇನೋ.

ಹೊರಗೆ ಹೋಗುವಾಗ ಬಾಗಿಲಲ್ಲಿ ನಿಂತು ಅವನು ಒಂದು ಮಾತು ಹೇಳಿದ. ಇದು ನಿಮಗೆ ಬರೆಯಲೇಬೇಕಾದದ್ದು. "ಕಾಗದದಲ್ಲಿ ಯಾರು ಏನ್ ಬೇಕಾದ್ರೂ ಬರೀತಾರೆ. ಗುರುವಾರ ಅಕ್ಕ ಅಲ್ಲೇ ಇದ್ಲು. ಒಂದು ಸಲ, 'ಲೋ, ಬೇಡ' ಅಂದಿದ್ರೆ ನಾನು ಅಲ್ಲೇ ಬೇಡ ಅಂತಿದ್ದೆ. ಅವಳೇ ಸುಮ್ನಿದ್ಲು."

ಅವನು ಸುಳ್ಳು ಹೇಳುತ್ತಿರಲಿಲ್ಲ, ಅತ್ತಿಗೆ. ಲವೆರ್ನ್‌ಗೆ ಹೆದರುತ್ತಾನೆ, ಜೊತೆಗೆಲಸದವರಿಗೆ ಹೆದರುತ್ತಾನೆ, ಮೂವತ್ತೈದು ತುಂಬುವ ಮೊದಲೇ ಬೆನ್ನು ಹೋದರೆ ಎಂದು ಹೆದರುತ್ತಾನೆ. ನನ್ನ ಮಾತು ಅವನಿಗೆ ಪುಸ್ತಕದ ಮಾತು. ಈ ಲೋಕದಲ್ಲಿ ಅವನು ಕೇಳುವ ದನಿ ಒಂದೇ.

ಈ ಕಾಗದವನ್ನು ನಾಲ್ಕರ ಟಪಾಲಿಗೆ ಹಾಕಿದರೆ ನಿಮಗೆ ರಾತ್ರಿ ಕೊನೆಯ ವಿತರಣೆಗೆ ಸಿಗುತ್ತದೆ ಎಂದು ಅಂಚೆ ಕಚೇರಿಯವರು ಹೇಳಿದರು. ದಿನವಿಡೀ ಕೂತು ಊದಿದ ನಿಮ್ಮ ಕಾಲಿನಲ್ಲಿ ಅಷ್ಟು ಹೊತ್ತಿಗೆ ಟ್ರ್ಯಾಮು ಹಿಡಿದು ಬನ್ನಿ ಎಂದು ಕೇಳುವುದಿಲ್ಲ. ನಿಮ್ಮ ಬೀದಿಯ ಮೂಲೆಯ ಔಷಧಿ ಅಂಗಡಿಯಲ್ಲಿ ಟೆಲಿಫೋನಿದೆ, ರಾತ್ರಿ ಗಂಟೆ ಬಾರಿಸಿದರೆ ಬಾಗಿಲು ತೆಗೆಯುತ್ತಾರೆ. ನಾನೇ ಅಲ್ಲಿಗೆ ಫೋನು ಮಾಡಿ ನಿಮ್ಮನ್ನು ಕರೆಯಲು ಕೇಳಿದೆ. ನೀವು ಕಾರ್ಖಾನೆಯಿಂದ ಎಂಟರ ಮೇಲೇ ಬರುವುದು, ಯಾರದೋ ಮೆಟ್ಟಿಲು ಹತ್ತಿ ಸುದ್ದಿ ಮುಟ್ಟಿಸಲು ನಮ್ಮಿಂದಾಗದು ಎಂದರು. ಇಲ್ಲಿ ನಮ್ಮ ಕೆಳಗಿನ ಕಾಫಿ ಅಂಗಡಿಯ ಮದಾಂ ಪಿನೋ ಅವರ ಟೆಲಿಫೋನು, ವ್ಯಾಂಸೆನ್ ನೂರ ಹದಿನಾಲ್ಕು. ಅವರಿಗೆ ಬರೀ ಮನೆಯ ಸುದ್ದಿ ಎಂದಿದ್ದೇನೆ. "ಯಾವ ಹೊತ್ತಿಗಾದ್ರೂ ಬರ್ಲಿ, ಗಲ್ಲಾ ಪಕ್ಕದಲ್ಲೇ ಮಲಗೋದು ನಾನು. ನಿನ್ನ ಗಂಡನ ಕಿವಿ ಹಿಡ್ಕೊಂಡು ಇಳಿಸ್ತೀನಿ," ಎಂದಿದ್ದಾರೆ.

ನನ್ನನ್ನು ಕೇಳಬೇಡಿ. ಅನತೋಲ್‌ನನ್ನು ಕೇಳಿ. ನಿಮ್ಮ ಕೆಲಸ ಹೋಗಬಹುದು, ನನಗೆ ಗೊತ್ತು. ಅಗತ್ಯಬಿದ್ದರೆ ಇಲ್ಲಿಗೆ ಬನ್ನಿ, ಬಲಗಡೆಯ ಕೋಣೆ ನಿಮಗೆ ಬಿಡುತ್ತೇನೆ, ಮಗುವನ್ನು ಇಗರ್ಜಿಗೆ ಒಯ್ಯುವುದಾದರೆ ಒಯ್ಯಿರಿ, ನಾನು ಅಡ್ಡ ಬರುವುದಿಲ್ಲ, ಯಾವುದಕ್ಕೂ ಅಡ್ಡ ಬರುವುದಿಲ್ಲ. ಉದ್ದದ ಮಾತು ಬೇಡ. ಬುದ್ಧಿ ಹೇಳುವುದೂ ಬೇಡ. 'ಲೋ, ಬೇಡ' ಎಂದರೆ ಸಾಕು. ಅದೂ ಬಾಯಿಂದ ಹೊರಡದಿದ್ದರೆ ಅವನ ಹೆಸರು ಹಿಡಿದು ಕರೆದು, ಅವನು 'ಏನಕ್ಕ' ಎನ್ನುವವರೆಗೆ ಫೋನು ಇಡಬೇಡಿ.

ಆರಕ್ಕೆ ಕಾರು ಬರುತ್ತದೆ. ಐದಕ್ಕೇ ಅವನು ಎದ್ದು ಹೊರಡುವ ಗಡಿಬಿಡಿಯಲ್ಲಿರುತ್ತಾನೆ, ಆಮೇಲೆ ಯಾರ ಮಾತೂ ಅವನ ಕಿವಿಗೆ ಬೀಳುವುದಿಲ್ಲ. ಹನ್ನೆರಡಾಗಲಿ, ಎರಡಾಗಲಿ, ನಾಲ್ಕಾಗಲಿ, ನಾನು ಎಚ್ಚರವಿರುತ್ತೇನೆ. ದಮ್ಮಯ್ಯ ಅತ್ತಿಗೆ, ಬೆಳಗಾಗುವ ಮೊದಲು ಫೋನು ಮಾಡಿ.

ಸಿದೋನಿ